ಅಪ್ಪನ ಮಣ್ಣಿಗೆ ಕೂಡಿದ ಮನೆಮಂದಿ: ಕೌಟುಂಬಿಕ ಡಾರ್ಕ್ ಕಾಮಿಡಿ ನಗಿಸುವ ಬಗೆ

ಮುನಿಸಿಕೊಂಡು ಚದುರಿಹೋದ ಮನೆಮಂದಿ ಒಂದು ಸಾವಿನ ನೆಪದಲ್ಲಿ ಮತ್ತೆ ಒಂದೇ ಸೂರಿನಡಿ ಸೇರುವ ಕಥೆಯನ್ನು ಡಾರ್ಕ್ ಕಾಮಿಡಿಯಾಗಿ, ಅಂದರೆ ಸಾವು ಸಂಕಟಗಳಿಂದಲೇ ನಗು ಹುಟ್ಟಿಸುವ ಬಗೆಯಲ್ಲಿ, ಹೇಳುವುದು ಸ್ವತಂತ್ರ ಸಿನಿಮಾ ಮಾಡುವವರಿಗೆ ಬಹಳ ಪ್ರಿಯವಾದ ಹಾದಿ. ಇಂಥ ಚಿತ್ರ ನೋಡಿ ಹೊರಬಂದವರಲ್ಲಿ ಕೆಲವರು ಹೆಣದ ಮುಂದೆ ನಗಿಸುವುದು ಸರಿಯೇ ಎಂದು ಬೇಸರಪಟ್ಟುಕೊಳ್ಳುತ್ತಾರೆ. ಇನ್ನು ಕೆಲವರು ಇದರಲ್ಲಿ ಕಾಮಿಡಿ ಎಲ್ಲಿತ್ತು ಎಂದು ಕೇಳುತ್ತಾರೆ. ಈ ಎರಡೂ ಪ್ರಶ್ನೆಗಳಿಗೆ ಉತ್ತರ ಒಂದೇ ಕಡೆ ಸಿಗುತ್ತದೆ. ಜಗಳವಾಡಲೇಬೇಕೆಂದು ಒಳಗೊಳಗೇ ಕುದಿಯುತ್ತಿರುವ ಜನರನ್ನು ಜಗಳವಾಡದಂತೆಯೂ ಎದ್ದುಹೋಗದಂತೆಯೂ ಕಟ್ಟಿಹಾಕುವ ಒಂದು ಕಟ್ಟಳೆ ಇಂಥ ಕಥೆಯ ನಡುವೆ ಇರುತ್ತದೆ, ಮತ್ತು ನಗು ಹುಟ್ಟುವುದು ಆ ಕಟ್ಟಳೆಯ ಬಿಗಿತದಿಂದ. ಅದು ಹೇಗೆಂಬುದನ್ನು ಕೊಪ್ಪಳ ಜಿಲ್ಲೆಯ ಒಂದು ಮನೆಯನ್ನು ಕಲ್ಪಿಸಿಕೊಂಡು ಬಿಡಿಸಿ ನೋಡಬಹುದು.

ಅದಕ್ಕೂ ಮೊದಲು ಒಂದು ವ್ಯತ್ಯಾಸವನ್ನು ಗುರುತಿಸಿಕೊಳ್ಳಬೇಕು. ನಮ್ಮ ವಾಣಿಜ್ಯ ಚಿತ್ರಗಳಲ್ಲಿ ಹಾಸ್ಯಕ್ಕೆಂದೇ ಬೇರೆ ನಟರು, ಬೇರೆ ದೃಶ್ಯಗಳು ಇರುವುದು ರೂಢಿ. ಆ ದೃಶ್ಯಗಳನ್ನು ಕತ್ತರಿಸಿ ತೆಗೆದರೂ ಕಥೆಗೆ ಊನವಾಗುವುದಿಲ್ಲ. ಡಾರ್ಕ್ ಕಾಮಿಡಿಯಲ್ಲಿ ಹಾಗಲ್ಲ. ಅಲ್ಲಿ ಪ್ರೇಕ್ಷಕ ನಗುವ ದೃಶ್ಯವೇ ಕಥೆ ಹೊರಳುವ ದೃಶ್ಯವೂ ಆಗಿರುತ್ತದೆ. ಎರಡನೆಯದಾಗಿ, ಪರದೆಯ ಮೇಲಿರುವ ಯಾರಿಗೂ ತಾವು ನಗೆಪಾಟಲಾಗುತ್ತಿದ್ದೇವೆಂಬ ಅರಿವಿರುವುದಿಲ್ಲ. ಅವರ ಪಾಲಿಗೆ ಆ ಗಳಿಗೆ ಬದುಕಿನ ಬಹುದೊಡ್ಡ ಸಂಕಟದ ಗಳಿಗೆ. ನಟ ಒಮ್ಮೆ ಕಣ್ಣು ಮಿಟುಕಿಸಿ ತನಗೂ ಇದು ತಮಾಷೆಯೆಂದು ತೋರಿಸಿಕೊಟ್ಟರೆ ಚಿತ್ರ ಆ ಕ್ಷಣವೇ ಬೇರೆ ಜಾತಿಯದಾಗಿಬಿಡುತ್ತದೆ.

ಕನ್ನಡದಲ್ಲಿ ಇದಕ್ಕೆ ಒಳ್ಳೆಯ ನಿದರ್ಶನ ರಾಮ್ ರೆಡ್ಡಿ ನಿರ್ದೇಶಿಸಿದ 'ತಿಥಿ'. ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ, ಅದೇ ಸೀಮೆಯ ಜನರನ್ನೇ ಪಾತ್ರಧಾರಿಗಳನ್ನಾಗಿಸಿ ತೆಗೆದ ಈ ಚಿತ್ರ 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆಯಿತು. 2016ರಲ್ಲಿ ನಮ್ಮಲ್ಲಿ ತೆರೆಕಂಡಿತು. ನೂರು ದಾಟಿದ ಸೆಂಚುರಿಗೌಡ ಸಾಯುತ್ತಾನೆ, ಹನ್ನೊಂದನೆಯ ದಿನಕ್ಕೆ ತಿಥಿ ಆಗಬೇಕು. ಮಗ ಗಡ್ಡಪ್ಪನಿಗೆ ಆಸ್ತಿಯೂ ಬೇಡ, ಸೂತಕವೂ ಬೇಡ. ಮೊಮ್ಮಗ ತಮ್ಮಣ್ಣನಿಗೆ ಜಮೀನು ಮಾರುವ ಆತುರ. ಜಮೀನು ಕಾನೂನಿನ ಪ್ರಕಾರ ಅಜ್ಜನಿಂದ ಅಪ್ಪನಿಗೆ ಬಂದು ನಿಲ್ಲುವುದರಿಂದ, ಬದುಕಿ ತಿರುಗಾಡಿಕೊಂಡಿರುವ ಅಪ್ಪನನ್ನು ಕಾಗದದಲ್ಲಿ ಸಾಯಿಸಲು ಮಗ ಹೊರಡುತ್ತಾನೆ. ಗಮನಿಸಬೇಕಾದದ್ದು ಇಷ್ಟು: ತಮ್ಮಣ್ಣ ದುಷ್ಟನಲ್ಲ, ಅವನ ಮುಂದಿರುವ ನಿಯಮವೇ ಅವನನ್ನು ಅಲ್ಲಿಗೆ ತಂದು ನಿಲ್ಲಿಸುತ್ತದೆ. ಒಂದೆಡೆ ಆಚಾರದ ಹನ್ನೊಂದು ದಿನ, ಇನ್ನೊಂದೆಡೆ ಕಂದಾಯ ಇಲಾಖೆಯ ದಾಖಲೆ. ಇವೆರಡರ ನಡುವೆ ಸಿಕ್ಕಿಕೊಂಡ ಮನುಷ್ಯನನ್ನು ನೋಡಿ ನಾವು ನಗುತ್ತೇವೆ.

ಈ ಕಟ್ಟನ್ನು ಮಂಡ್ಯದಿಂದ ಎತ್ತಿ ಕೊಪ್ಪಳಕ್ಕೆ ತಂದಿಟ್ಟರೆ ಊರು ಬದಲಾಗುವುದರ ಜೊತೆಗೆ ಹಾಸ್ಯದ ಯಂತ್ರವೇ ಬದಲಾಗುತ್ತದೆ. ಗಿಣಿಗೇರಾದ ಆಸುಪಾಸಿನ ಒಂದು ಹಳ್ಳಿಯ ಲಿಂಗಾಯತ ಮನೆ ಎಂದಿಟ್ಟುಕೊಳ್ಳಿ. ಕಾರ್ಖಾನೆಗಳು ಬಂದ ಮೇಲೆ ಈ ಭಾಗದ ಹೊಲಗಳಿಗೆ ಬೆಲೆ ಬಂದಿದೆ. ಹಿರಿಯ ಮಗ ಊರಲ್ಲೇ ಒಕ್ಕಲುತನ ಮಾಡಿಕೊಂಡಿದ್ದಾನೆ. ಕಿರಿಯ ಮಗ ಕೂಲಿ ಅರಸಿ ಗುಳೆ ಹೋದವನು ಹೋದಹಾಗೆಯೇ ಬೆಂಗಳೂರಿನಲ್ಲಿ ನೆಲೆನಿಂತು ಕಟ್ಟಡದ ಮೇಸ್ತ್ರಿಯಾಗಿದ್ದಾನೆ. ನಡುವಿನ ಮಗಳನ್ನು ಸಿಂಧನೂರಿನ ಕಡೆಗೆ ಕೊಟ್ಟಿದೆ. ಹೊಲದ ವಿಷಯಕ್ಕೆ ಅಣ್ಣತಮ್ಮಂದಿರ ಮಾತು ಬಿಟ್ಟು ವರ್ಷಗಳಾಗಿವೆ. ಬೇಸಿಗೆಯ ಒಂದು ಸಂಜೆ ಅಪ್ಪ ತೀರಿಕೊಳ್ಳುತ್ತಾನೆ. ತಮ್ಮನಿಗೆ ಸುದ್ದಿ ಮುಟ್ಟಿಸುವವನು ಅಣ್ಣನಲ್ಲ, ಓಣಿಯವರು. ಅವನು ರಾತ್ರಿ ಹಂಪಿ ಎಕ್ಸ್‌ಪ್ರೆಸ್ ಹತ್ತಿ ಬೆಳಗ್ಗೆ ಇಳಿಯಬೇಕು. ಅಲ್ಲಿಯವರೆಗೆ ಹೆಣವನ್ನು ಕಾಯಬೇಕು.

ಇಲ್ಲಿಯ ರೂಢಿಯಂತೆ ಲಿಂಗಾಯತರಲ್ಲಿ ಹೆಣವನ್ನು ಮಲಗಿಸುವುದಿಲ್ಲ, ಕೂಡಿಸುತ್ತಾರೆ. ಪ್ರಾಣ ಹೋದ ಎರಡು ಮೂರು ತಾಸಿನಲ್ಲಿ ಮೈ ಸೆಟೆಯತೊಡಗುವುದರಿಂದ ತಡಮಾಡದೆ ಕಾಲು ಮಡಿಸಿ, ಗೋಡೆಗೆ ಒರಗಿಸಿ, ವಸ್ತ್ರದಿಂದ ಬಿಗಿದು, ತಲೆಗೆ ರುಮಾಲು ಸುತ್ತಿ, ಹಣೆಗೆ ವಿಭೂತಿ ಹಚ್ಚಿ ಪಡಸಾಲೆಯಲ್ಲಿ ಕೂಡಿಸಿದರೆ, ಎದುರಿಗೆ ರಾತ್ರಿಯಿಡೀ ಭಜನೆ ನಡೆಯುತ್ತದೆ. ಸಿನಿಮಾ ಮಾಡುವವನಿಗೆ ಇದಕ್ಕಿಂತ ದೊಡ್ಡ ವರ ಇನ್ನೊಂದಿಲ್ಲ. ಮಲಗಿದ ಹೆಣ ಚೌಕಟ್ಟಿನ ಕೆಳಗಿನ ಅಂಚಿಗೆ ಸರಿದುಹೋಗುತ್ತದೆ, ನಿಂತವರು ಅದನ್ನು ಬಗ್ಗಿ ನೋಡಬೇಕು. ಕುಳಿತ ಹೆಣ ಕುಳಿತವರ ಸಮಕ್ಕೆ ಬರುತ್ತದೆ. ಮನೆಯ ಹಿರಿಯ ತನ್ನ ಎಂದಿನ ಜಾಗದಲ್ಲಿ, ಎಂದಿನ ರುಮಾಲಿನಲ್ಲಿ, ಎಲ್ಲರ ಮಾತನ್ನೂ ಆಲಿಸುತ್ತಿರುವಂತೆ ಕೂತಿರುತ್ತಾನೆ.

ಬೆಳಗ್ಗೆ ತಮ್ಮ ಬರುತ್ತಾನೆ. ಅಣ್ಣನ ಜೊತೆ ಮಾತಾಡುವಂತಿಲ್ಲ, ಆದರೆ ಕುಣಿ ಎಲ್ಲಿ ತೋಡುತ್ತಾರೆಂಬುದು ಅವನಿಗೆ ತಿಳಿಯಲೇಬೇಕು. ಊರಿಗೆ ಹತ್ತಿದ ಹೊಲದಲ್ಲಿ ಅಪ್ಪನ ಗದ್ದಿಗೆ, ಅಂದರೆ ಸಮಾಧಿ, ಆದರೆ ಆ ಹೊಲವನ್ನು ಮುಂದೆ ಕೊಳ್ಳಲು ಬರುವವರು ಹಿಂದೆಮುಂದೆ ನೋಡುತ್ತಾರೆ. ಅವನು ಮಾರಬೇಕೆಂದಿರುವುದು ಅದೇ ಹೊಲವನ್ನು. ಮಂದಿಯ ಮುಂದೆ ಕೇಳುವುದಾದರೂ ಹೇಗೆ? ಅವನು ಅಪ್ಪನ ಕಾಲಿಗೆ ಬಿದ್ದು, ಅಳುತ್ತಲೇ ಅಪ್ಪನಿಗೆ ಹೇಳುತ್ತಾನೆ:

"ಯಪ್ಪಾ, ನಿನ್ನ ದೊಡ್ಡ ಮಗಗ ಕೇಳೋ, ಕುಣಿ ತೋಡಾಕ ಯಾವ ಹೊಲಕ್ಕ ಮಂದಿ ಕಳಿಸ್ಯಾನಂತ."

ಮಗ್ಗುಲಲ್ಲಿ ನಿಂತ ಅಣ್ಣನೂ ಅಪ್ಪನನ್ನೇ ನೋಡುತ್ತ ಉತ್ತರ ಕೊಡುತ್ತಾನೆ:

"ಯಪ್ಪಾ, ಊರು ಬಿಟ್ಟು ಹೋದವರಿಗೆ ಹೊಲದ ಗುರ್ತ ಎಲ್ಲಿರತೈತಿ ಅಂತ ನೀನ ಹೇಳಿಬಿಡಪ್ಪಾ."

ಹೀಗೆ ನಾಲ್ಕಾರು ಮಾತು ಹೆಣದ ಮೂಲಕವೇ ಹೋಗಿಬರುತ್ತವೆ. ಓಣಿಯವರ ಕಣ್ಣಿಗೆ ಇಬ್ಬರು ಮಕ್ಕಳು ತಂದೆಯನ್ನು ಕರೆಕರೆದು ಅಳುತ್ತಿರುವ ದೃಶ್ಯ; ಪ್ರೇಕ್ಷಕನಿಗೆ ಇದೊಂದು ಭೂವ್ಯವಹಾರದ ಮಾತುಕತೆ. ಅಷ್ಟರಲ್ಲಿ ಮಧ್ಯಾಹ್ನದ ಬಿಸಿಲೇರಿದೆ. ಸೆಟೆದ ಮೈ ಕೆಲವು ತಾಸುಗಳ ನಂತರ ಮತ್ತೆ ಸಡಿಲವಾಗುತ್ತದೆ, ಸೆಕೆಯಿದ್ದಷ್ಟೂ ಬೇಗ ಸಡಿಲವಾಗುತ್ತದೆ. ಅಪ್ಪನ ತಲೆ ರುಮಾಲಿನ ಭಾರಕ್ಕೆ ಮೆಲ್ಲಗೆ ಮುಂದಕ್ಕೆ ಬಾಗುತ್ತದೆ. ಇಬ್ಬರೂ ಮಾತು ನಿಲ್ಲಿಸುತ್ತಾರೆ. ಅಪ್ಪ ತನ್ನ ಮಾತಿಗೇ ಹೂಂಗುಟ್ಟಿದನೆಂದು ಇಬ್ಬರೂ ಮನಸಾರೆ ನಂಬುತ್ತಾರೆ, ಮತ್ತು ಅಲ್ಲಿಂದ ಮುಂದಿನ ಕಥೆಯೆಲ್ಲ ಆ ಒಂದು ತಲೆಯಾಡಿಸುವಿಕೆಯ ಮೇಲೆ ನಡೆಯುತ್ತದೆ.

ಈ ದೃಶ್ಯ ಅಗೌರವದ್ದೇ? ನನ್ನ ಮಟ್ಟಿಗೆ ಅಲ್ಲ. ಹೆಣ ಬೀಳುವುದನ್ನು, ಜಾರುವುದನ್ನು ತೋರಿಸಿ ನಗಿಸಿದರೆ ಅದು ಸತ್ತವನನ್ನು ಗೇಲಿ ಮಾಡಿದಂತೆ. ಇಲ್ಲಿ ಸತ್ತವನ ಘನತೆಗೆ ಏನೂ ಆಗಿಲ್ಲ. ಬದುಕಿದ್ದಾಗ ಅವನ ಮಾತನ್ನು ಕೇಳದಿದ್ದ ಮಕ್ಕಳು ಸತ್ತ ಮೇಲೆ ಅವನ ಒಪ್ಪಿಗೆಗೆ ಹಾತೊರೆಯುತ್ತಿದ್ದಾರೆ. ಗೇಲಿಗೆ ಒಳಗಾದವರು ಬದುಕಿರುವವರು. ಇದನ್ನು ತೆಗೆಯುವ ಬಗೆಯಲ್ಲೂ ಎಚ್ಚರ ಬೇಕಾಗುತ್ತದೆ. ಬಾಗಿದ ತಲೆಯನ್ನು ಹತ್ತಿರದಿಂದ ತೋರಿಸಿ, ಹಿನ್ನೆಲೆಯಲ್ಲಿ ಚೇಷ್ಟೆಯ ಸಂಗೀತ ಹಾಕಿದರೆ ಇಡೀ ದೃಶ್ಯ ಕೆಟ್ಟುಹೋಗುತ್ತದೆ. ಕ್ಯಾಮೆರಾ ದೂರದಲ್ಲಿ, ಪಡಸಾಲೆಯ ಬಾಗಿಲ ಬಳಿ ಕದಲದೆ ನಿಂತಿರಬೇಕು. ಭಜನೆಯ ತಾಳದ ಸದ್ದು ಎಂದಿನಂತೆ ನಡೆದಿರಬೇಕು. ತಲೆ ಬಾಗುವುದು ಚೌಕಟ್ಟಿನ ಒಂದು ಮೂಲೆಯಲ್ಲಿ ಆಗಬೇಕು. ಅದನ್ನು ಮೊದಲು ಕಂಡವನು ಮೊದಲು ನಗುತ್ತಾನೆ, ಉಳಿದವರು ಒಬ್ಬೊಬ್ಬರಾಗಿ ಕಾಣುತ್ತಾರೆ. ಇಂಥ ಚಿತ್ರಗಳಲ್ಲಿ ಉದ್ದನೆಯ, ತುಂಡಾಗದ ಶಾಟುಗಳು ಹೆಚ್ಚಾಗಿರುವುದಕ್ಕೆ ಇದೂ ಒಂದು ಕಾರಣ.

ಅಣ್ಣತಮ್ಮಂದಿರಿಗಿಂತ ಹರಿತವಾದ ಆಯುಧ ಹೆಂಗಸರ ಕೈಯಲ್ಲಿದೆ. ಈ ಭಾಗದಲ್ಲಿ ಹೆಂಗಸರು ಸತ್ತವರನ್ನು ಕುರಿತು ಹಾಡಿಕೊಂಡು ಅಳುತ್ತಾರೆ. ಸತ್ತವನ ಗುಣ, ಅವನು ಪಟ್ಟ ಕಷ್ಟ, ಅವನಿಗೆ ಸಿಗದೆ ಹೋದ ಸುಖ ಎಲ್ಲವೂ ಆ ಅಳುವಿನ ಧಾಟಿಯಲ್ಲಿ ಬರುತ್ತವೆ. ಸಿಂಧನೂರಿನಿಂದ ಬಂದ ಮಗಳು ಹೊಸ್ತಿಲಲ್ಲೇ ಕುಸಿದು, "ಬಿಸಿ ರೊಟ್ಟಿ ಕಾಣದ ಹ್ವಾದೆಲ್ಲೋ ನನ್ನಪ್ಪಾ, ದವಾಖಾನಿ ಬಾಗಲಾ ಕಾಣದ ಹ್ವಾದೆಲ್ಲೋ" ಎಂದು ರಾಗವೆತ್ತಿದರೆ, ಒಳಗೆ ಒಲೆಯ ಮುಂದಿರುವ ಹಿರಿಸೊಸೆಗೆ ಅದು ಯಾರ ಮೇಲಿನ ಬಾಣವೆಂಬುದು ಚೆನ್ನಾಗಿ ತಿಳಿಯುತ್ತದೆ. ಆದರೆ ಅಳುವವರಿಗೆ ಎದುರು ಮಾತಾಡುವಂತಿಲ್ಲ. ಉತ್ತರ ಕೊಡಬೇಕೆಂದರೆ ತಾನೂ ಬಂದು ಕೂತು ಹಾಡಿಕೊಂಡೇ ಅಳಬೇಕು. ಅವಳು ಸೆರಗಿಗೆ ಕೈಯೊರೆಸಿಕೊಂಡು ಬಂದು ಕೂತು, "ವರ್ಷಕ್ಕೊಮ್ಮೆ ಬಂದು ಸಂತಿ ಚೀಲ ತುಂಬಿಕೊಂಡು ಹೋಗೋರಿಗೆ ನಿನ್ನ ಸಂಕಟ ಏನ ಗೊತ್ತೋ ಮಾವಾ" ಎಂದು ಆರಂಭಿಸಿದಳೆಂದರೆ, ಶೋಕದ ಮರೆಯಲ್ಲಿ ನಾದಿನಿ ಅತ್ತಿಗೆಯರ ವಾದ ಪ್ರತಿವಾದ ಪದ್ಯರೂಪದಲ್ಲಿ ಸಾಗುತ್ತದೆ. ಇಬ್ಬರ ಕಣ್ಣೀರೂ ನಿಜವಾದದ್ದೇ ಎಂಬುದನ್ನು ಮರೆಯಬಾರದು. ಕಣ್ಣೀರು ಸುಳ್ಳಾದರೆ ಅದು ಅಗ್ಗದ ವಿಡಂಬನೆಯಾಗುತ್ತದೆ.

ಸಾವು ಮನೆಮಂದಿಯನ್ನು ಕೂಡಿಸುವುದು ಎರಡು ಮೂರು ದಿನಗಳ ಮಟ್ಟಿಗೆ. ಅದರ ನಂತರವೂ ಅವರನ್ನು ಬಿಡದೆ ಹಿಡಿದಿಡುವುದು ಕಾಗದ, ಮತ್ತು ಈ ಬಗೆಯ ಚಿತ್ರಗಳ ಎರಡನೆಯ ಅರ್ಧ ಹೆಚ್ಚಾಗಿ ಅದರ ಮೇಲೆಯೇ ನಿಲ್ಲುತ್ತದೆ. ಅಪ್ಪನ ಹೆಸರಿನಲ್ಲಿರುವ ಪಹಣಿ ಮಕ್ಕಳ ಹೆಸರಿಗೆ ಬರಬೇಕಾದರೆ ಪೌತಿ ಖಾತೆಗೆ ಅರ್ಜಿ ಹಾಕಬೇಕು. ಅದಕ್ಕೆ ಮರಣ ಪ್ರಮಾಣಪತ್ರದ ಜೊತೆಗೆ ನಾಡಕಚೇರಿಯಿಂದ ವಂಶವೃಕ್ಷ ಬೇಕು. ವಂಶವೃಕ್ಷದಲ್ಲಿ ಮಾತು ಬಿಟ್ಟ ತಮ್ಮನ ಹೆಸರೂ ಇರಬೇಕು, ಕೊಟ್ಟ ಮನೆಗೆ ಹೋದ ಮಗಳ ಹೆಸರೂ ಇರಬೇಕು. ಅಂದರೆ ಹಬ್ಬಕ್ಕೆ ಕರೆಯದಿದ್ದರೂ ನಡೆಯುತ್ತದೆ, ಅರ್ಜಿಗೆ ಕರೆಯದಿದ್ದರೆ ನಡೆಯುವುದಿಲ್ಲ.

ಕಾನೂನು ಇಲ್ಲಿ ಸ್ವಲ್ಪ ಬಿಡಿಸಿ ಹೇಳಬೇಕಾದಷ್ಟು ಸಿಕ್ಕಾಗಿದೆ. ತಂದೆ ಉಯಿಲು ಬರೆಯದೆ ತೀರಿಕೊಂಡರೆ ಅವನ ಸ್ವಂತ ಗಳಿಕೆಯ ಆಸ್ತಿಯಲ್ಲಿ ಹೆಂಡತಿ, ಗಂಡುಮಕ್ಕಳು, ಹೆಣ್ಣುಮಕ್ಕಳು, ಬದುಕಿದ್ದರೆ ಅವನ ತಾಯಿ ಎಲ್ಲರಿಗೂ ಸಮಪಾಲೆಂದು 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯೇ ಹೇಳಿದೆ. ತಕರಾರಿದ್ದದ್ದು ಪಿತ್ರಾರ್ಜಿತದಲ್ಲಿ. ಅದರಲ್ಲಿ ಗಂಡುಮಕ್ಕಳಿಗೆ ಹುಟ್ಟಿನಿಂದ ಹಕ್ಕಿತ್ತು, ಹೆಣ್ಣುಮಕ್ಕಳಿಗೆ ಇರಲಿಲ್ಲ. ಕರ್ನಾಟಕ 1994ರಲ್ಲೇ ತನ್ನದೊಂದು ತಿದ್ದುಪಡಿಯನ್ನು ಜಾರಿಗೆ ತಂದು ಹೆಣ್ಣುಮಕ್ಕಳಿಗೂ ಆ ಹಕ್ಕನ್ನು ಕೊಟ್ಟಿತಾದರೂ ಅದಕ್ಕೂ ಮೊದಲೇ ಮದುವೆಯಾದವರನ್ನು ಹೊರಗಿಟ್ಟಿತ್ತು. 2005ರ ಸೆಪ್ಟೆಂಬರ್ 9ರಿಂದ ಜಾರಿಗೆ ಬಂದ ಕೇಂದ್ರದ ತಿದ್ದುಪಡಿ ಮದುವೆಯ ಆ ಷರತ್ತನ್ನು ತೆಗೆದುಹಾಕಿತು. ಆ ದಿನಕ್ಕೆ ತಂದೆ ಬದುಕಿರಬೇಕಿತ್ತೇ ಎಂಬ ಗೊಂದಲವನ್ನು 2020ರಲ್ಲಿ ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಬಗೆಹರಿಸಿ, ಮಗಳ ಹಕ್ಕು ಹುಟ್ಟಿನಿಂದಲೇ ಬರುವುದರಿಂದ ತಂದೆ ಬದುಕಿರಬೇಕಾಗಿಲ್ಲ ಎಂದಿತು. 2004ರ ಡಿಸೆಂಬರ್ 20ಕ್ಕಿಂತ ಮೊದಲೇ ಕಾನೂನುಬದ್ಧವಾಗಿ ಆಗಿಹೋದ ಪಾಲುಗಳನ್ನು ಮಾತ್ರ ಮತ್ತೆ ಕೆದಕುವಂತಿಲ್ಲ.

ಹಳ್ಳಿಯ ರೂಢಿ ಇದಕ್ಕೆ ತಿರುಗುಮುರುಗು. ಮಗಳಿಗೆ ಸೀರೆ ಕುಬಸ ಕೊಟ್ಟು, ಹಕ್ಕುಬಿಡುಗಡೆ ಪತ್ರಕ್ಕೆ ಸಹಿ ಹಾಕಿಸಿಕೊಳ್ಳುವುದು ಇಂದಿಗೂ ಸಾಮಾನ್ಯ. ಪಾಲು ಕೇಳಿದ ಮಗಳಿಗೆ ತವರಿನ ಬಾಗಿಲು ಮುಚ್ಚುತ್ತದೆಂಬ ಹೆದರಿಕೆ ಎಷ್ಟೋ ಹೆಣ್ಣುಮಕ್ಕಳ ಬಾಯಿ ಕಟ್ಟಿದೆ. ಡಾರ್ಕ್ ಕಾಮಿಡಿ ಈ ವಿಷಯಕ್ಕೆ ಕೈಹಾಕಿದಾಗ ಮಾಡುವ ಕೆಲಸ ವಿಚಿತ್ರವಾದದ್ದು. ಸಹಿಯ ಅಗತ್ಯ ಬಿದ್ದೊಡನೆ ಮನೆಯಲ್ಲಿ ಅಧಿಕಾರದ ಗಾದಿ ಬದಲಾಗುತ್ತದೆ. ನಿನ್ನೆಯವರೆಗೆ ನೆನಪಾಗದಿದ್ದ ಮಗಳಿಗೆ ಅಣ್ಣ ಮಿರ್ಚಿ ಮಂಡಕ್ಕಿ ತರಿಸುತ್ತಾನೆ, ತಮ್ಮ ಅವಳ ಮಗನ ಕಾಲೇಜಿನ ಫೀಸನ್ನು ವಿಚಾರಿಸುತ್ತಾನೆ. ಅವಳು ಇಬ್ಬರ ಉಪಚಾರವನ್ನೂ ಸಾವಕಾಶವಾಗಿ ಸ್ವೀಕರಿಸುತ್ತ, ಪೆನ್ನಿನ ಟೋಪಿಯನ್ನು ತೆಗೆದು ಮತ್ತೆ ಹಾಕುತ್ತ ಕೂತಿರುತ್ತಾಳೆ. ಯಾರೂ ಭಾಷಣ ಮಾಡದೆ, ಹೆಣ್ಣುಮಕ್ಕಳ ಹಕ್ಕೆಂಬ ಪದವನ್ನೇ ಬಳಸದೆ, ಇಡೀ ಕಾನೂನು ಆ ಪೆನ್ನಿನ ಟೋಪಿಯಲ್ಲಿ ಪ್ರೇಕ್ಷಕನಿಗೆ ಅರ್ಥವಾಗುತ್ತದೆ.

ಇಂಥ ಹಾಸ್ಯ ನಗರದವರ, ಚಿತ್ರೋತ್ಸವದವರ ರುಚಿಯೆಂದೂ ಹಳ್ಳಿಯವರಿಗೆ ಹಿಡಿಸದೆಂದೂ ಹೇಳುವವರಿದ್ದಾರೆ. ಕೊಪ್ಪಳ, ರಾಯಚೂರು, ಬಳ್ಳಾರಿ ಈ ಮೂರು ಜಿಲ್ಲೆಗಳ ಜನಪದವನ್ನು ಬಲ್ಲವರು ಹಾಗೆ ಹೇಳಲಾರರು. ಮೊಹರಂ ಶೋಕದ ಆಚರಣೆ. ಕರ್ಬಲಾದ ಸಾವನ್ನು ಕನ್ನಡದಲ್ಲೇ ಹಾಡುವ ರಿವಾಯತ್ ಪದಗಳನ್ನು ಹಿಂದೂ ಮುಸ್ಲಿಮರಿಬ್ಬರೂ ಹಾಡುತ್ತಾರೆ. ಅದೇ ಹಬ್ಬದ ಬೆಂಕಿಯ ಗುಂಡಿಯಾದ ಅಲಾಯಿ ಕುಣಿಯ ಸುತ್ತ ಹುಲಿವೇಷವೂ ಇರುತ್ತದೆ, ಮೈಗೆ ಮಸಿ ಬಳಿದುಕೊಂಡು ಮಂದಿಯನ್ನು ರೇಗಿಸುವ ಸೋಗಿನವರೂ ಇರುತ್ತಾರೆ. ಗುಳೆ ಹೋದವರು ಊರಿಗೆ ಮರಳುವುದೂ ಈ ಹಬ್ಬಕ್ಕೆ. ರಾಯಚೂರು ಜಿಲ್ಲೆಯ ಮುದಗಲ್ಲಿನ ಮೊಹರಂಗೆ ಸೇರುವ ಮಂದಿಯನ್ನು ನೋಡಿದರೆ ಅದು ತಿಳಿಯುತ್ತದೆ. ಬಳ್ಳಾರಿ ಸೀಮೆಯ ಬಯಲಾಟದಲ್ಲಿ ರಾಜ ಸಾಯುವ ಕಥೆಯ ನಡುವೆಯೂ ಹಾಸ್ಯದ ಪಾತ್ರವಾದ ಸಾರಥಿ ಬಂದು ರಾಜನನ್ನೇ ಕಿಚಾಯಿಸುತ್ತಾನೆ. ಅಳುವಿನ ಪಕ್ಕದಲ್ಲೇ ನಗುವನ್ನು ಕೂಡಿಸುವುದು ಇಲ್ಲಿಯವರಿಗೆ ಹೊಸದೇನಲ್ಲ.

ಇನ್ನು ಸ್ವತಂತ್ರ ಚಿತ್ರವೆಂಬ ಮಾತು. ದೊಡ್ಡ ಬ್ಯಾನರು, ಸ್ಟಾರ್ ನಟ, ಮುಂಗಡ ಕೊಟ್ಟ ವಿತರಕ ಇವರಾರೂ ಇಲ್ಲದೆ, ಏನು ತೆಗೆಯಬೇಕೆಂಬ ನಿರ್ಧಾರ ತೆಗೆಯುವವರ ಕೈಯಲ್ಲೇ ಉಳಿದಿರುವ ಚಿತ್ರ ಅದು. ಒಂದು ಮನೆ, ಮೂರ್ನಾಲ್ಕು ದಿನಗಳ ಕಥೆ, ಹತ್ತಾರು ಜನ ಎಂಬ ಮಿತಿ ದುಡ್ಡಿನಿಂದ ಬಂದದ್ದಾದರೂ ಕಥೆಗೂ ಅದೇ ಬೇಕಾಗಿದೆ. ಮುನಿಸಿಕೊಂಡವರಿಗೆ ತಪ್ಪಿಸಿಕೊಳ್ಳಲು ಇನ್ನೊಂದು ಕೋಣೆ ಇರಬಾರದು. ದುಡ್ಡು ಉಳಿಸಬಾರದ ಜಾಗ ಒಂದೇ, ಧ್ವನಿ. ಮಾತುಗಳನ್ನು ಸ್ಥಳದಲ್ಲೇ ದಾಖಲಿಸದೆ ಬೆಂಗಳೂರಿನ ಸ್ಟುಡಿಯೋದಲ್ಲಿ ಡಬ್ಬಿಂಗ್ ಮಾಡಿಸಿದರೆ ಮೇಲೆ ಹೇಳಿದ ಹಾಡಿ ಅಳುವ ದೃಶ್ಯ ಉಳಿಯುವುದಿಲ್ಲ. ಸೆನ್ಸಾರ್ ಎಂದು ಕರೆಯುವ ಚಲನಚಿತ್ರ ಪ್ರಮಾಣಪತ್ರ ಮಂಡಳಿಯ ಬಾಗಿಲನ್ನು ಇವರೂ ದಾಟಬೇಕು. 2024ರ ನಿಯಮಗಳ ಪ್ರಕಾರ, ಹಿರಿಯರ ಮಾರ್ಗದರ್ಶನದಲ್ಲಿ ಮಕ್ಕಳು ನೋಡಬಹುದಾದ ಯುಎ ದರ್ಜೆಯೊಳಗೆ 7, 13, 16 ವರ್ಷಗಳ ಮೂರು ಮೆಟ್ಟಿಲುಗಳಿವೆ. ಸಾವನ್ನು ನಗೆಯಾಗಿ ತೋರಿಸುವ ಚಿತ್ರ ಯಾವ ಮೆಟ್ಟಿಲಲ್ಲಿ ನಿಲ್ಲುತ್ತದೆಂಬುದು ದೃಶ್ಯಗಳ ಧಾಟಿಗೆ ಬಿಟ್ಟದ್ದು.

ಭಾಷೆಯ ಬಗ್ಗೆ ಮಾತ್ರ ಒಂದು ಮಾತನ್ನು ಗಟ್ಟಿಯಾಗಿ ಹೇಳಬೇಕು. ಮುಖ್ಯವಾಹಿನಿಯ ಕನ್ನಡ ಚಿತ್ರಗಳು ಉತ್ತರ ಕರ್ನಾಟಕದ ಈ ಮಾತನ್ನು ಬಹುಕಾಲ ಹಾಸ್ಯಪಾತ್ರಗಳ ಬಾಯಿಗೆ ಮೀಸಲಿಟ್ಟಿವೆ. ಪಾತ್ರ 'ಐತಿ' ಎಂದೊಡನೆ ಚಿತ್ರಮಂದಿರ ನಗಬೇಕೆಂಬ ಲೆಕ್ಕ. ಕೊಪ್ಪಳದ ಮನೆಯೊಂದರ ಡಾರ್ಕ್ ಕಾಮಿಡಿಯಲ್ಲಿ ಎಲ್ಲರೂ ಅದೇ ಮಾತಾಡುವುದರಿಂದ ಮಾತಿನ ಧಾಟಿ ನಗೆಯ ಸರಕಾಗಿ ಉಳಿಯುವುದಿಲ್ಲ, ಆಗಬಾರದು ಕೂಡ. ನಟರ ಆಯ್ಕೆಯೂ ಇದಕ್ಕೆ ತಕ್ಕಂತಿರಬೇಕು. ಕಂಪನಿ ನಾಟಕದಲ್ಲೋ ಬಯಲಾಟದಲ್ಲೋ ಪಳಗಿದವರು ಈ ಭಾಗದಲ್ಲಿ ಸಾಕಷ್ಟಿದ್ದಾರೆ, ಮಾತಿನ ಮೇಲಿನ ಹಿಡಿತದಲ್ಲಿ ಅವರಿಗೆ ಸಾಟಿಯಿಲ್ಲ. ಆದರೆ ಕೊನೆಯ ಸಾಲಿಗೂ ಕೇಳುವಂತೆ ಮಾತಾಡಿದ ಅಭ್ಯಾಸ ಕ್ಯಾಮೆರಾದ ಮುಂದೆ ಭಾರವಾಗುತ್ತದೆ. ಹೆಣದ ಮುಂದಿನ ಪಿಸುಮಾತಿಗೆ ನಟನೆಯನ್ನೇ ಅರಿಯದ ಊರಿನ ಹಿರಿಯರು ಒದಗಿಬಂದಷ್ಟು ಚೆನ್ನಾಗಿ ಬೇರೆಯವರು ಒದಗುವುದು ಕಷ್ಟ.

ಇಂಥ ಚಿತ್ರಗಳು ಎಡವುವುದು ಹೆಚ್ಚಾಗಿ ಕೊನೆಯಲ್ಲಿ. ಒಂದೂವರೆ ತಾಸು ಧೈರ್ಯವಾಗಿ ನಡೆದುಬಂದ ನಿರ್ದೇಶಕ ಕಡೆಗೆ ಹೆದರಿ, ಅಣ್ಣತಮ್ಮಂದಿರನ್ನು ತಬ್ಬಿಸಿ ಅಳಿಸಿಬಿಡುತ್ತಾನೆ. ಮನೆಮಂದಿ ಕೂಡಿದ್ದು ಪ್ರೀತಿ ಉಕ್ಕಿ ಬಂದುದರಿಂದಲ್ಲ, ಕಟ್ಟಳೆ ಕಟ್ಟಿಹಾಕಿದ್ದರಿಂದ. ಆದ್ದರಿಂದ ಕೊನೆಯಲ್ಲಿ ತಪಾಸಣೆಯಾಗಬೇಕಾದದ್ದೂ ಆ ಕಟ್ಟಳೆಯೇ. ನಾವು ಕಲ್ಪಿಸಿಕೊಂಡ ಮನೆಯಲ್ಲಾದರೆ ಹೀಗಾಗಬಹುದು: ಊರ ಹಿರಿಯರು ಕೂತು ಹೊಲದ ಒಂದು ಅಂಚಿನಲ್ಲಿ ಅಪ್ಪನ ಕುಣಿಗೆ ಜಾಗ ಗುರುತು ಮಾಡುತ್ತಾರೆ, ಅಣ್ಣನಿಗೂ ಪೂರ್ತಿ ಗೆಲುವಿಲ್ಲ, ತಮ್ಮನಿಗೂ ಪೂರ್ತಿ ಸೋಲಿಲ್ಲ. ಮಣ್ಣು, ದಿನಕರ್ಮ ಎಲ್ಲ ಮುಗಿದು, ಮೂವರೂ ಒಂದೇ ಟಂಟಂ ಗಾಡಿಯಲ್ಲಿ ಮೂರು ಕಡೆ ಮುಖ ಮಾಡಿ ಕೂತು ನಾಡಕಚೇರಿಗೆ ಹೋಗುತ್ತಾರೆ. ಪಾಲು ಬಿಡುವುದಿಲ್ಲವೆಂದು ಮಗಳು ಅಷ್ಟರಲ್ಲಿ ಹೇಳಿಬಿಟ್ಟಿದ್ದಾಳೆ, ಗಾಡಿಯಲ್ಲಿ ಮಾತಿಲ್ಲ. ಕಿಟಕಿಯಾಚೆಯ ಗುಮಾಸ್ತ ಕಾಗದಗಳನ್ನು ತಿರುವಿ, ಮಗಳ ಹೆಸರು ಆಧಾರಿನಲ್ಲಿ ಒಂದು ಬಗೆ, ಅರ್ಜಿಯಲ್ಲಿ ಇನ್ನೊಂದು ಬಗೆ ಇದೆಯೆಂದು ತೋರಿಸುತ್ತಾನೆ. ತಿದ್ದಿಸಿಕೊಂಡು ಮೂವರೂ ಸೋಮವಾರ ಮತ್ತೆ ಬರಬೇಕು. ಸೋಮವಾರ ಯಾರ ಮನೆಯಲ್ಲಿ ಕೂಡುವುದೆಂದು ತಮ್ಮ ಮೊದಲ ಬಾರಿಗೆ ಅಣ್ಣನ ಮುಖ ನೋಡಿ ಕೇಳುತ್ತಾನೆ, ಅಣ್ಣ ಗುಮಾಸ್ತನಿಗೆ ಉತ್ತರ ಕೊಡುತ್ತಾನೆ.